ಓರೆ ಹೊಲಿಗೆಯ ಬಾವುಟ

ನಾನು ಹಾಯಿ ಹೊಲಿಯುವವನು, ಬಾವುಟ ಹೊಲಿಯುವವನಲ್ಲ. ಇದನ್ನು ಮೊದಲ ದಿನವೇ ಹೇಳಿದ್ದೆ. ಆದರೆ ಊರಿನ ಉತ್ಸವ ಸಮಿತಿಯವರು ಅದನ್ನು ಕಿವಿಗೆ ಹಾಕಿಕೊಳ್ಳುವ ಸ್ಥಿತಿಯಲ್ಲಿರಲಿಲ್ಲ. 1973ರ ದಸರೆ ಮುಗಿದ ಮೇಲೆ ಒಂದು ಮಧ್ಯಾಹ್ನ ಅವರಲ್ಲಿ ಇಬ್ಬರು ಹೊನ್ನಾವರ ಬಂದರದ ದಾರಿಯಲ್ಲಿದ್ದ ನನ್ನ ಅಂಗಡಿಗೆ ಬಂದರು. ಒಬ್ಬರು ನಿವೃತ್ತ ಶಾಲಾ ಮಾಸ್ತರರು, ಸಮಿತಿಯ ಅಧ್ಯಕ್ಷರು. ಇನ್ನೊಬ್ಬರು ಕುಮಟೆಯ ವಕೀಲರು. ನವೆಂಬರ್ ಒಂದಕ್ಕೆ ಮೈಸೂರು ರಾಜ್ಯ ಎಂಬ ಹೆಸರು ಹೋಗಿ ಕರ್ನಾಟಕ ಎಂದಾಗುತ್ತದೆ, ಅವತ್ತು ಕಾಸರಕೋಡದ ದಡದಿಂದ ಬಂದರದ ಕಟ್ಟೆಯವರೆಗೆ ಶರಾವತಿಯಲ್ಲಿ ದೋಣಿಗಳ ಮೆರವಣಿಗೆ, ಮೊದಲ ದೋಣಿಯ ಮೇಲೆ ಕನ್ನಡದ ಬಾವುಟ ಹಾರಬೇಕು, ದೂರದ ದಂಡೆಯಲ್ಲಿ ನಿಂತವರಿಗೂ ಕಾಣುವಷ್ಟು ದೊಡ್ಡದು ಬೇಕು ಎಂದರು.

"ಮಾದರಿ ಎಲ್ಲುಂಟು?" ಎಂದು ಕೇಳಿದೆ.

ಮಾದರಿ ಇರಲಿಲ್ಲ. ಮಾಸ್ತರರು ಬೆಂಗಳೂರಿನ ಒಂದು ಸಭೆಯಲ್ಲಿ ಆ ಬಾವುಟವನ್ನು ಕಂಡಿದ್ದರಂತೆ. ಅವತ್ತು ಗಾಳಿ ಇರಲಿಲ್ಲ, ಅದು ಕಂಬಕ್ಕೆ ಸುತ್ತಿಕೊಂಡು ನೇತಾಡುತ್ತಿತ್ತು. ಹಳದಿ ಮತ್ತು ಕೆಂಪು ಎಂಬುದು ಮಾತ್ರ ಖಚಿತ. ಕನ್ನಡಕ್ಕಾಗಿ ಬೀದಿಗಿಳಿದ ಜನ ಕೆಲವು ವರ್ಷಗಳ ಹಿಂದೆ ಅದನ್ನು ಮಾಡಿಕೊಂಡರು, ಸರ್ಕಾರ ಕೊಟ್ಟದ್ದಲ್ಲ, ಹಳದಿ ಅಂದರೆ ಅರಿಶಿನ, ಕೆಂಪು ಅಂದರೆ ಕುಂಕುಮ, ಒಂದು ಶಾಂತಿಗೆ ಇನ್ನೊಂದು ಧೈರ್ಯಕ್ಕೆ ಎಂದು ಅವರು ನಾಲ್ಕನೇ ಇಯತ್ತೆಯ ಮಕ್ಕಳಿಗೆ ಹೇಳುವ ಹಾಗೆ ನನಗೆ ಹೇಳಿದರು.

"ಮೇಲೆ ಯಾವ ಬಣ್ಣ?" ಎಂದು ಕೇಳಿದ್ದೇ ತಪ್ಪಾಯಿತು.

"ಅರಿಶಿನ-ಕುಂಕುಮ ಅಂತೇವೆ. ಕುಂಕುಮ-ಅರಿಶಿನ ಅಂತ ಯಾರಾದ್ರೂ ಹೇಳಿದ್ದು ಕೇಳಿದ್ಯೋ? ಹಳದಿ ಮೇಲೆ," ಎಂದರು ಮಾಸ್ತರರು.

"ಕುಂಕುಮ ಹಣೆಗೆ, ಅರಿಶಿನ ಕೆನ್ನೆಗೆ. ಹಣೆ ಮೇಲೋ ಕೆನ್ನೆ ಮೇಲೋ? ಕೆಂಪು ಮೇಲೆ," ಎಂದರು ವಕೀಲರು.

ಇಬ್ಬರೂ ನನ್ನ ಅಂಗಡಿಯ ಹಲಗೆಯ ಮೇಲೆ ಕೂತು ಒಂದು ತಾಸು ವಾದಿಸಿದರು. ಕಡೆಗೆ, ಬಟ್ಟೆ ತಯಾರಿಡು, ಮೇಲೆ-ಕೆಳಗೆ ಆಮೇಲೆ ತಿಳಿಸುತ್ತೇವೆ ಎಂದು ಹೇಳಿ ಹೊರಟರು.

ನನಗೆ ನಗು ಬಂದಿತ್ತು, ಆದರೆ ಒಳಗೊಳಗೇ ಆಸೆಯೂ ಹುಟ್ಟಿತ್ತು. ನಮ್ಮಪ್ಪ ಇದೇ ಅಂಗಡಿಯಲ್ಲಿ ಕೂತು, ಬಂದರದ ಕಂಬದಲ್ಲಿ ಹಾರುತ್ತಿದ್ದ ಬ್ರಿಟಿಷರ ಬಾವುಟಕ್ಕೆ ಮಳೆಗಾಲಕ್ಕೊಮ್ಮೆ ತೇಪೆ ಹಾಕುತ್ತಿದ್ದ. ಮೈಸೂರು ಮಹಾರಾಜರ ಬಾವುಟದ ಎರಡು ತಲೆಯ ಹಕ್ಕಿ ಘಟ್ಟ ಇಳಿದು ನಮ್ಮ ಕಡೆ ಬಂದದ್ದೇ ಇಲ್ಲ. ನಾವು ಮುಂಬಯಿಯವರಾಗಿದ್ದೆವು. 56ರಲ್ಲಿ ಮೈಸೂರಿನವರಾದೆವು. ಕಾಗದದ ಮೇಲೆ ವಿಳಾಸ ಬರೆಯುವಾಗಲೆಲ್ಲ ಇನ್ನೊಬ್ಬರ ಮನೆಯ ಜಗಲಿಯಲ್ಲಿ ಕೂತಂತೆ ಅನಿಸುತ್ತಿತ್ತು. ದೊರೆ ಕೊಡದೆ, ಸಾಹೇಬ ಕೊಡದೆ, ಜನರೇ ಮಾಡಿಕೊಂಡ ಬಾವುಟ ಎಂದ ಮೇಲೆ ಅದಕ್ಕೆ ನನ್ನ ಸೂಜಿಯೂ ತಾಗಲಿ ಅನಿಸಿತು.

ಬಾವುಟ ನಾಲ್ಕು ಮೊಳ ಅಗಲ, ಆರು ಮೊಳ ಉದ್ದ ಎಂದಾಯಿತು. ಅಷ್ಟು ದೊಡ್ಡದನ್ನು ತಡೆಯಲು ಹಾಯಿ ಕಟ್ಟುವ ಎತ್ತರದ ಕೂವೆಮರ ಬೇಕು. ಆ ಹೊತ್ತಿಗೆ ಒಬ್ಬೊಬ್ಬರೇ ಎಂಜಿನ್ ಹಾಕಿಸಿಕೊಂಡು ಕೂವೆಮರ ಕುಯ್ಯಿಸಿ ಮೊಟಕು ಮಾಡಿದ್ದರು. ನನ್ನ ಕಸುಬಿಗೂ ಅದೇ ಕೊಡಲಿ ಬಿದ್ದಿತ್ತು. ಪೂರಾ ಎತ್ತರದ ಮರ ಉಳಿದದ್ದು ಕಾಸರಕೋಡದ ಒಂದೇ ದೋಣಿಯಲ್ಲಿ. ಅದರ ಒಡತಿ ಗಂಡ ಸತ್ತ ಹೆಂಗಸು, ಹೊನ್ನಾವರ ಪೇಟೆಯಲ್ಲಿ ಬುಟ್ಟಿ ಇಟ್ಟುಕೊಂಡು ಮೀನು ಮಾರುವವಳು. ದೋಣಿಯನ್ನು ಅವಳ ಮೈದುನ ನಡೆಸುತ್ತಿದ್ದ.

ಇದನ್ನು ಹೇಳಿದಾಗ ವಕೀಲರು ಗಂಟಲು ಸರಿಮಾಡಿಕೊಂಡರು. "ಅಲ್ಲ, ಅರಿಶಿನ-ಕುಂಕುಮದ ಬಾವುಟ ನೋಡು. ಶುಭದ ದಿವ್ಸ. ಮೊದಲ ದೋಣಿ ಅವಳದ್ದು ಅಂದ್ರೆ ಜನ ಎಂತ ಅಂತಾರೆ?"

ನನಗೆ ಸಿಟ್ಟು ಬಂತು. "ಬೇರೆ ದೋಣಿಗೆ ಕಟ್ಟಿದ್ರೆ ಬಾವುಟ ನೀರು ಒರಸ್ತದೆ. ಆಗ ಜನ ಎಂತ ಅಂತಾರೆ?" ಎಂದೆ. ಇಬ್ಬರೂ ಒಪ್ಪಿದರು, ಆದರೆ ಮನಸ್ಸಿಲ್ಲದ ಮನಸ್ಸಿನಿಂದ.

ಈ ಮಾತು ಅವಳ ಕಿವಿಗೆ ಯಾರು ಹಾಕಿದರೋ ಗೊತ್ತಿಲ್ಲ. ಮಾರನೇ ದಿನ ಬುಟ್ಟಿ ಹೊತ್ತುಕೊಂಡೇ ಬಂದು ಬಾಗಿಲಲ್ಲಿ ನಿಂತಳು. "ಬಾವುಟ ಕಟ್ಟುದು ಕೂವೆಮರಕ್ಕೆ ಅಲ್ವ? ನನ್ನ ಹಣೆಗೆ ಅಲ್ವಲ್ಲ? ಅವ್ರಿಗೆ ಹೇಳಿ," ಅಂದು ಹೋದಳು.

ಬಟ್ಟೆಯ ಕತೆ ಬೇರೆ. ಅರಿಶಿನದ ಬಾವುಟ ಅರಿಶಿನದಲ್ಲೇ ಅದ್ದಬೇಕು ಎಂದು ಮಾಸ್ತರರ ಹಟ. ದಪ್ಪ ಮಂಜರಪಾಟು ತಂದು, ಪಟಿಕ ಹಾಕಿ, ಅರಿಶಿನದ ನೀರಿನಲ್ಲಿ ಕುದಿಸಿ, ಮಾಡಿನ ಹಂಚಿನ ಮೇಲೆ ಹರವಿದೆ. ಬಣ್ಣ ಕಣ್ಣು ಕುಕ್ಕುವಂತೆ ಬಂದಿತ್ತು. ಮೂರು ದಿನದ ಬಿಸಿಲಿಗೆ ಅದು ಹಳೇ ಪಂಚೆಯ ಬಣ್ಣಕ್ಕೆ ಇಳಿಯಿತು. ಸಾಲದ್ದಕ್ಕೆ ಕಾಗೆ ಹೊಲಸು ಮಾಡಿದ ಕಡೆ ನಾನು ಸಾಬೂನು ಹಚ್ಚಿ ಉಜ್ಜಿದೆ. ಅಲ್ಲೆಲ್ಲ ಕೆಂಪು ಮಚ್ಚೆ ಎದ್ದಿತು. ಅರಿಶಿನಕ್ಕೆ ಸುಣ್ಣ ಹಾಕಿ ಆರತಿ ನೀರು ಮಾಡುವ ನನ್ನ ಹೆಂಡತಿ ಅದನ್ನು ನೋಡಿ, "ಒಂದೇ ಬಟ್ಟೆಯಲ್ಲಿ ಎರಡೂ ಬಣ್ಣ ಬಂದಾತು, ಇನ್ನು ಹೊಲಿಗೆ ಯಾಕೆ?" ಅಂದಳು.

ಹೊಳೆ ದಾಟಿ ಭಟ್ಕಳದ ಬಸ್ಸು ಹತ್ತಿದೆ. ಅಲ್ಲಿನ ಪೇಟೆಯಲ್ಲಿ ಒಬ್ಬ ನವಾಯತ ಮುಸ್ಲಿಂ ವ್ಯಾಪಾರಿಯ ಹತ್ತಿರ ಮುಂಬಯಿಯಿಂದ ಬಂದ ಪಕ್ಕಾ ಬಣ್ಣದ ಬಟ್ಟೆ ಇರುತ್ತಿತ್ತು. ಎರಡೂ ಥಾನು ಬಿಚ್ಚಿಸಿ, ಮೂಲೆ ಒದ್ದೆ ಮಾಡಿ, ನನ್ನ ಬಿಳಿ ಪಂಚೆಗೆ ತಿಕ್ಕಿ ನೋಡಿದೆ. ಬಣ್ಣ ಬಿಡಲಿಲ್ಲ.

"ಯಾವ ದೇಶದ ಬಾವುಟ ಇದು?" ಎಂದು ಅವರು ಕೇಳಿದರು.

"ನಮ್ಮದೇ. ಕರ್ನಾಟಕದ್ದು."

"ಹಾಗಾದ್ರೆ ನಂದೂ ಆಯ್ತಲ್ಲ," ಎಂದು ಅವರು ಕತ್ತರಿ ತೆಗೆದುಕೊಂಡು, ನಾನು ಕೇಳಿದ್ದಕ್ಕಿಂತ ಒಂದು ಗೇಣು ಹೆಚ್ಚೇ ಕೊಟ್ಟರು.

ಬಟ್ಟೆ ಬಂದರೂ ಮೇಲೆ-ಕೆಳಗೆ ತೀರ್ಮಾನವಾಗಲಿಲ್ಲ. ದಿನ ಹೋಗುತ್ತಿತ್ತು. ಅಷ್ಟರಲ್ಲಿ ನನಗೆ ನನ್ನದೇ ಒಂದು ಚಿಂತೆ ಹತ್ತಿಕೊಂಡಿತ್ತು. ಎರಡು ಪಟ್ಟಿಗಳನ್ನು ಅಡ್ಡಕ್ಕೆ ಸೇರಿಸಿದರೆ ಹೊಲಿಗೆ ಹೋಗಿ ಮುಗಿಯುವುದು ಹಾರುವ ಅಂಚಿನ ನಟ್ಟನಡುವೆ. ಗಾಳಿ ಹೊಡೆಯುವುದು ಅಲ್ಲೇ. ಸಮುದ್ರದ ಗಾಳಿಗೆ ಎಷ್ಟು ಬಿಗಿ ಹೊಲಿಗೆಯೂ ಅಲ್ಲಿಂದಲೇ ಬಾಯಿ ಬಿಡುತ್ತದೆ. ಹಾಯಿ ಹೊಲಿಯುವ ನಾವು ಹೊಲಿಗೆಯನ್ನು ಮೂಲೆಗೆ ಒಯ್ಯುತ್ತೇವೆ. ಮೂಲೆಗೆ ತೇಪೆ ಇರುತ್ತದೆ, ಅಂಚಿನ ಹಗ್ಗ ಇರುತ್ತದೆ, ಅದು ತಡೆಯುತ್ತದೆ. ಹಾಗಾಗಿ ನಾನು ಬಾವುಟವನ್ನೂ ಮೂಲೆಯಿಂದ ಮೂಲೆಗೆ ಓರೆಯಾಗಿ ಸೇರಿಸಲು ನಿಶ್ಚಯಿಸಿದೆ. ಹಳದಿಯ ತ್ರಿಕೋನ ಕೂವೆಮರದ ಬದಿಗೆ ಮತ್ತು ಕೆಳಗೆ, ಕೆಂಪಿನದು ಮೇಲಕ್ಕೆ ಮತ್ತು ಗಾಳಿಯ ಬದಿಗೆ.

ಓರೆಯಾಗಿ ಕತ್ತರಿಸಿದ ಬಟ್ಟೆ ಎಳೆದಷ್ಟೂ ಹಿಗ್ಗುತ್ತದೆ. ಕತ್ತರಿಸಿದ ಎರಡೂ ತುಂಡಿಗೆ ಮೊದಲು ಸಡಿಲ ದಾರ ಓಡಿಸಿ, ಅಂಚಿಗೆ ಕಲ್ಲು ಕಟ್ಟಿ ಒಂದು ದಿನ ತೂಗಬಿಟ್ಟೆ. ಹಿಗ್ಗುವಷ್ಟು ಹಿಗ್ಗಿ ನಿಂತ ಮೇಲೆ ಸಮ ಮಾಡಿ ಕತ್ತರಿಸಿದೆ. ನಡುವೆ ಗಟ್ಟಿ ಲಾಡಿಪಟ್ಟಿ ಇಟ್ಟು, ಜೇನುಮೇಣ ಉಜ್ಜಿದ ದಾರದಲ್ಲಿ, ಅಂಗೈಗೆ ಚರ್ಮದ ಪಟ್ಟಿ ಕಟ್ಟಿಕೊಂಡು, ಎರಡು ಸಾಲು ಕೈಹೊಲಿಗೆ ಹಾಕಿದೆ. ಮೂರು ದಿನ ಬೇಕಾಯಿತು. ಅಂಥ ಹೊಲಿಗೆ ನಾನು ಹಿಂದೆಯೂ ಹಾಕಿರಲಿಲ್ಲ, ಮುಂದೆಯೂ ಹಾಕಲಿಲ್ಲ. ಈ ಮಾತಿನಲ್ಲಿ ಜಂಬ ಇದೆ, ಇರಲಿ.

ಮಾಸ್ತರರು ಮತ್ತು ವಕೀಲರು ಬಂದು ನೋಡಿದರು. "ಮೇಲಿನ ಅಂಚು ಪೂರಾ ಕೆಂಪು," ಎಂದರು ವಕೀಲರು. "ಕಂಬ ಹಿಡಿದದ್ದು ಪೂರಾ ಹಳದಿ," ಎಂದರು ಮಾಸ್ತರರು. ಇಬ್ಬರೂ ಗೆದ್ದ ಮುಖ ಮಾಡಿಕೊಂಡು ಚಹಾ ಕುಡಿದು ಹೋದರು.

ಮೆರವಣಿಗೆಗೆ ಐದು ದಿನ ಇರುವಾಗ ಬಂದರದ ಅಧಿಕಾರಿಯಿಂದ ನನಗೆ ಕರೆ ಬಂತು. ದೋಣಿಗಳು ಕಟ್ಟೆಗೆ ತಾಗಿ ನಿಲ್ಲಲು ಪರವಾನಗಿ ಕೇಳಲು ಹೋಗಿದ್ದ ಮಾಸ್ತರರು ಅಭಿಮಾನದಿಂದ ಬಾವುಟವನ್ನೂ ಬಿಚ್ಚಿ ತೋರಿಸಿದ್ದರು. ನಾನು ಹೋದಾಗ ಅದು ಮೇಜಿನ ಮೇಲೆ ಹರವಿತ್ತು. ಅಧಿಕಾರಿ ಬೇರೆ ಊರಿನವರು, ಮಾತು ಅಳೆದು ಆಡುವವರು.

"ಇದನ್ನು ಹೊಲಿದವರು ನೀವೇನು?"

"ಹೌದು."

ಅವರು ಕಪಾಟಿನಿಂದ ದಪ್ಪ ಪುಸ್ತಕ ತೆಗೆದು ಬಣ್ಣದ ಹಾಳೆಯೊಂದನ್ನು ನನ್ನ ಕಡೆ ತಿರುಗಿಸಿದರು. ಹಡಗುಗಳು ಒಂದಕ್ಕೊಂದು ಸುದ್ದಿ ಹೇಳಲು ಹಾರಿಸುವ ಬಾವುಟಗಳು ಸಾಲಾಗಿದ್ದವು. ಅವರ ಬೆರಳ ಕೆಳಗೆ ನನ್ನ ಬಾವುಟ ಇತ್ತು. ಕಂಬದ ಬದಿಗೆ ಹಳದಿ, ಗಾಳಿಯ ಬದಿಗೆ ಕೆಂಪು, ನಡುವೆ ಓರೆ. ನನಗಿಂತ ಮೊದಲೇ ಯಾರೋ ಹೊಲಿದುಬಿಟ್ಟಿದ್ದರು.

"ಇದರ ಅರ್ಥ ಮನುಷ್ಯ ನೀರಿಗೆ ಬಿದ್ದಿದ್ದಾನೆ ಎಂದು. ಯಾವ ದೇಶದ ಹಡಗಾಗಲಿ, ಇದನ್ನು ಕಂಡರೆ ದಾರಿ ಬಿಟ್ಟು ಬರಬೇಕು. ಇದನ್ನು ಆಟಕ್ಕೆ ಹಾರಿಸುವಂತಿಲ್ಲ."

"ಇದು ಆಟ ಅಲ್ಲ ಸಾಯ್ಬ್ರೇ. ಇದು ಕರ್ನಾಟಕದ ಬಾವುಟ."

"ಕರ್ನಾಟಕಕ್ಕೆ ಬಾವುಟ ಇದೆ ಎಂದು ಸರ್ಕಾರದ ಆದೇಶ ಎಲ್ಲಿದೆ?"

"ಆದೇಶವೇ ಇಲ್ಲ ಅಂದ್ಮೇಲೆ ಓರೆ ಹೊಲಿಬಾರ್ದು ಅಂತ ಆದೇಶ ಎಲ್ಲುಂಟು?"

"ಅದು ಇಲ್ಲಿದೆ," ಎಂದು ಅವರು ಪುಸ್ತಕ ಮುಚ್ಚಿದರು. ಹಾರಿಸಿದರೆ ಆ ದೋಣಿಯ ಲೈಸನ್ಸ್ ತಡೆಹಿಡಿಯುವುದಾಗಿ ಹೇಳಿದರು. ನನಗೆ ಹೆಚ್ಚು ಉರಿದದ್ದು ಅವರ ಬೆದರಿಕೆಗಲ್ಲ. ಅವರು ಹೇಳಿದ್ದು ಸರಿಯಾಗಿತ್ತಲ್ಲ, ಅದಕ್ಕೆ.

ಸಮಿತಿ ಅವತ್ತೇ ಸಂಜೆ ಕೂತು ತೀರ್ಮಾನಿಸಿತು. ಓರೆ ಹೊಲಿಗೆ ಬಿಚ್ಚಬೇಕು. ಪೇಟೆಯ ಅಂಗಿ ದರ್ಜಿಯಿಂದ ಸಣ್ಣದೊಂದು ಅಡ್ಡಪಟ್ಟಿಯ ಬಾವುಟ ಹೊಲಿಸಿ ಎಂಜಿನ್ ದೋಣಿಯೊಂದಕ್ಕೆ ಕಟ್ಟಬೇಕು. ಆ ಹೆಂಗಸಿನ ದೋಣಿ ಹಿಂದಿನ ಸಾಲಿನಲ್ಲಿ ಎಲ್ಲಾದರೂ ಬರಲಿ. "ಒಂದು ಲೆಕ್ಕದಲ್ಲಿ ಒಳ್ಳೇದೇ ಆತು," ಎಂದರು ವಕೀಲರು. ಅವರ ಸಮಾಧಾನದ ನಿಟ್ಟುಸಿರು ನನಗೆ ಕೇಳಿಸಿತು.

ಮಾರನೇ ದಿನ ಹೊತ್ತೇರಿದ ಮೇಲೆ ನಾನು ಹೊಲಿಗೆ ಬಿಚ್ಚಲು ಕೂತೆ. ಹಾರುವ ಮೂಲೆಯಿಂದ ಶುರುಮಾಡಿ ಒಂದು ಗೇಣು ಬಿಚ್ಚಿರಬಹುದು. ಮೀನು ಮಾರಿ ಮುಗಿಸಿ ಬರಿ ಬುಟ್ಟಿ ಹಿಡಿದುಕೊಂಡು ಅವಳು ಬಂದಳು.

"ಎಂತಕ್ಕೆ ಬಿಚ್ಚುದು?"

ಹೇಳಿದೆ. ಅಧಿಕಾರಿಯ ಪುಸ್ತಕ, ಬಣ್ಣದ ಹಾಳೆ, ಲೈಸನ್ಸು, ಎಲ್ಲ ಹೇಳಿದೆ. ಅವಳು ಬುಟ್ಟಿ ಕೆಳಗಿಟ್ಟು ಹೊಸ್ತಿಲ ಮೇಲೆ ಕೂತಳು.

"ಅರ್ಥ ಎಂತ ಅಂದ್ರಿ? ಇನ್ನೊಂದ್ಸಲ ಹೇಳಿ."

"ಮನುಷ್ಯ ನೀರಿಗೆ ಬಿದ್ದಿದ್ದಾನೆ, ಬನ್ನಿ ಅಂತ."

ಅವಳು ಬಾವುಟದ ಅಂಚು ಹಿಡಿದು ಮಡಿಲಿಗೆ ಎಳೆದುಕೊಂಡಳು. ಆಮೇಲೆ ಹೇಳಿದ್ದನ್ನು ನಾನು ಅದುವರೆಗೆ ಅರ್ಧ ಮಾತ್ರ ಕೇಳಿದ್ದೆ. ಒಂಬತ್ತು ವರ್ಷದ ಹಿಂದೆ ಅವಳ ಗಂಡ ಹೊಳೆ ಸಮುದ್ರಕ್ಕೆ ಸೇರುವ ಅಳಿವೆಯಲ್ಲಿ ದೋಣಿಯಿಂದ ಬಿದ್ದ. ತೆರೆ ಹೊಡೆದು ಹಾಯಿಯ ಅಡ್ಡಮರ ತಿರುಗಿ ಎದೆಗೆ ಬಡಿದಿತ್ತು. ಬೆಳಗಿನ ಹೊತ್ತು, ಕಣ್ಣಳತೆಯಲ್ಲಿ ಹತ್ತಾರು ದೋಣಿ. ಮೈದುನ ತಲೆಯ ಬಟ್ಟೆ ಬಿಚ್ಚಿ ಬೀಸಿದ, ಕೈ ಸೋಲುವವರೆಗೆ ಬೀಸಿದ.

"ಬಟ್ಟೆ ಬೀಸಿದ್ರೆ ನಮ್ಮಲ್ಲಿ ಎಂತ ಅರ್ಥ, ನಿಮ್ಗೆ ಗೊತ್ತುಂಟಲ್ಲ," ಎಂದಳು.

ಗೊತ್ತಿತ್ತು. ಈ ಕರಾವಳಿಯಲ್ಲಿ ಎಲ್ಲರಿಗೂ ಗೊತ್ತು. ಮೀನಿನ ಹಿಂಡು ಕಂಡಿದೆ ಎಂದು ಅರ್ಥ.

"ಬಂಗ್ಡೆ ಬಂದದೆ ಅಂತ ತಿಳ್ಕಂಡ್ರು. ಬಲೆ ಬಿಟ್ರು. ಯಾರದ್ದೂ ತಪ್ಪಲ್ಲ. ನಮ್ಮನೆಯವ್ರು ಸಿಕ್ಕಿದ್ದು ಮೂರು ದಿವ್ಸ ಬಿಟ್ಟು, ಮುರ್ಡೇಶ್ವರದ ಬದಿಗೆ."

ನಾನು ಸೂಜಿ ಕೆಳಗಿಟ್ಟೆ.

"ಈ ಬಾವುಟ ಇಷ್ಟು ದಿವ್ಸ ಎಲ್ಲಿತ್ತು?" ಎಂದು ಕೇಳಿದಳು.

"ಪುಸ್ತಕದಲ್ಲಿ."

"ಪುಸ್ತಕ?"

"ಬಂದರದ ಕಚೇರಿ ಕಪಾಟಿನಲ್ಲಿ."

"ನಮ್ಗೆ ಯಾರೂ ಹೇಳ್ಲಿಲ್ಲಲ್ಲ," ಎಂದಳು. ದನಿ ಏರಿರಲಿಲ್ಲ. "ಹೊಲೀರಿ ಅದ್ನ. ಬಿಚ್ಚಿದ್ದು ಮತ್ತೆ ಹೊಲೀರಿ. ನನ್ನ ದೋಣಿಗೆ ಅದೇ ಕಟ್ಟುದು."

"ಲೈಸನ್ಸ್ ಹೋಗ್ತದೆ ಅಕ್ಕ."

"ಹೋದ್ರೆ ಹೋತು. ಬುಟ್ಟಿ ಉಂಟಲ್ಲ."

ನಾನು ಹೊಲಿದೆ. ಬಿಚ್ಚಿದ ಒಂದು ಗೇಣಿಗೆ ಎರಡರ ಬದಲು ಮೂರು ಸಾಲು ಹಾಕಿದೆ. ಹೊಲಿಯುತ್ತ ಮಾಸ್ತರರು ಹೇಳಿದ ಶಾಂತಿ, ಧೈರ್ಯ ಎರಡನ್ನೂ ಯೋಚಿಸಿದೆ. ಅವು ಒಳ್ಳೆಯ ಮಾತುಗಳೇ. ಆದರೆ ಒಂದು ನಾಡಿನ ಬಾವುಟಕ್ಕೆ ನಮ್ಮವನೊಬ್ಬ ಬಿದ್ದಿದ್ದಾನೆ, ಬನ್ನಿ ಎಂಬುದಕ್ಕಿಂತ ದೊಡ್ಡ ಅರ್ಥ ಬೇಕೇ ಎಂದು ನನಗೆ ಅನಿಸಿತು. ಈಗಲೂ ಹಾಗೇ ಅನಿಸುತ್ತದೆ.

ಸುಮ್ಮನೆ ಹಾರಿಸಿದರೆ ಅಧಿಕಾರಿ ಹೇಳಿದಂತೆ ಆಟವಾಗುತ್ತಿತ್ತು. ಹಾಗಾಗಿ ಉಳಿದ ಮೂರು ದಿನ ನಾನು ಅಂಗಡಿ ಮುಚ್ಚಿ ದಡದಲ್ಲಿ ಓಡಾಡಿದೆ. ದೋಣಿ ನಡೆಸುವ ತಾಂಡೇಲರನ್ನು ಒಬ್ಬೊಬ್ಬರನ್ನಾಗಿ ಕಂಡೆ. ಬಾವುಟ ಬಿಚ್ಚಿ ತೋರಿಸಿ, ಅರ್ಥ ಹೇಳಿ, "ಇದು ಕಂಡ್ರೆ ಎಂತ ಮಾಡ್ಬೇಕು?" ಎಂದು ಕೇಳಿದೆ. "ಹೋಗ್ಬೇಕು," ಎನ್ನುವವರೆಗೆ ಬಿಡಲಿಲ್ಲ. ಒಬ್ಬ ಮುದುಕ ತಾಂಡೇಲ ಮಾತ್ರ ಉತ್ತರ ಕೊಡದೆ ಎದ್ದುಹೋದ. ಒಂಬತ್ತು ವರ್ಷದ ಹಿಂದಿನ ಆ ಬೆಳಿಗ್ಗೆ ಬಲೆ ಬಿಟ್ಟವರಲ್ಲಿ ಅವನೂ ಒಬ್ಬ ಎಂದು ಪಕ್ಕದಲ್ಲಿದ್ದವರು ಹೇಳಿದರು.

ನವೆಂಬರ್ ಒಂದರ ಬೆಳಿಗ್ಗೆ ಗಾಳಿ ಹದವಾಗಿತ್ತು. ಸಮಿತಿಯ ಎಂಜಿನ್ ದೋಣಿ ಸಣ್ಣ ಬಾವುಟ ಕಟ್ಟಿಕೊಂಡು ಮುಂದೆ ಹೊರಟಿತು. ಅಂಗಿ ದರ್ಜಿಯ ಹೊಲಿಗೆ, ಹಳದಿ ಮೇಲೆ. ವಕೀಲರು ಅದರ ಕೆಳಗೇ ಕೂತಿದ್ದರು. ಹಿಂದೆ ಇಪ್ಪತ್ತಕ್ಕೂ ಮೇಲೆ ದೋಣಿ ಸಾಲು ಹಿಡಿದವು. ಅವಳ ದೋಣಿ ಸಾಲಿನ ನಡುವೆ ಎಲ್ಲೋ ಇತ್ತು. ಮೈದುನ ಚುಕ್ಕಾಣಿ ಹಿಡಿದಿದ್ದ, ನಾನು ಬಾವುಟದ ಹಗ್ಗ ಹಿಡಿದಿದ್ದೆ. ಅಳಿವೆಯ ಬಾಯಿ ಎಡಕ್ಕೆ ತೆರೆದುಕೊಂಡ ಕಡೆ ಅವಳು ಮೈದುನನಿಗೆ ದೋಣಿ ನಿಲ್ಲಿಸಲು ಹೇಳಿದಳು. "ಇಲ್ಲೇ," ಎಂದಳು ನನಗೆ. ನಾನು ಹಗ್ಗ ಎಳೆದೆ.

ಬಾವುಟ ಮೇಲೇರಿ ಒಮ್ಮೆ ಮಡಿಚಿಕೊಂಡು, ಆಮೇಲೆ ಪೂರಾ ಬಿಚ್ಚಿತು. ಓರೆ ಹೊಲಿಗೆ ಎಲ್ಲೂ ಸುಕ್ಕಾಗಲಿಲ್ಲ.

ಸ್ವಲ್ಪ ಹೊತ್ತು ಏನೂ ಆಗಲಿಲ್ಲ. ಮುಂದಿನ ದೋಣಿಗಳು ಹೋಗುತ್ತಲೇ ಇದ್ದವು. ನಾನು ಹಗ್ಗವನ್ನು ಕೂವೆಮರಕ್ಕೆ ಇನ್ನೊಂದು ಸುತ್ತು ಬಿಗಿದೆ. ಆಮೇಲೆ ಹಿಂದಿನಿಂದ ಒಂದು ದೋಣಿ ಸಾಲು ಬಿಟ್ಟು ನಮ್ಮ ಕಡೆ ಮೂತಿ ತಿರುಗಿಸಿತು. ಅದರಲ್ಲಿದ್ದವನು ಎದ್ದುಹೋಗಿದ್ದ ಆ ಮುದುಕ ತಾಂಡೇಲ. ಅವನನ್ನು ಕಂಡು ಇನ್ನೊಂದು ತಿರುಗಿತು, ಮತ್ತೊಂದು ತಿರುಗಿತು. ಸಾಲು ಚದುರಿಹೋಯಿತು. ಮುಂದೆ ಒಂಟಿಯಾಗಿ ಹೋಗುತ್ತಿದ್ದ ಎಂಜಿನ್ ದೋಣಿಯೂ ಕಡೆಗೆ ಸುತ್ತು ಹಾಕಿ ಬಂತು. ತಿರುಗಿಸು ಎಂದದ್ದು ಮಾಸ್ತರರಂತೆ. ಕಟ್ಟೆಯ ಮೇಲೆ ಅಧಿಕಾರಿ ಸೀಟಿ ಊದುತ್ತಿದ್ದದ್ದು ನೀರಿನ ಮೇಲೆ ಸಣ್ಣಗೆ ಕೇಳುತ್ತಿತ್ತು. ಯಾರೂ ಆ ಕಡೆ ನೋಡಲಿಲ್ಲ.

ದೋಣಿಗಳೆಲ್ಲ ಸುತ್ತ ನೆರೆದು, ಹುಟ್ಟು ಎತ್ತಿ ನಿಂತವು. ಅವಳು ನಿಂತುಕೊಂಡೇ ಎಲ್ಲರನ್ನೂ ನೋಡಿದಳು. ಮುದುಕ ತಾಂಡೇಲ ತಲೆಯ ಬಟ್ಟೆ ತೆಗೆದು ಮಡಿಲಲ್ಲಿಟ್ಟುಕೊಂಡ. "ಬಂದ್ಯಲ್ಲ, ಸಾಕು," ಎಂದಳು ಅವನಿಗೆ.

ಆಮೇಲೆ ಅವಳ ದೋಣಿ ಮುಂದೆ, ಉಳಿದವು ಹಿಂದೆ. ಹಾಗೆ ಆಗಬೇಕೆಂದು ಯಾರೂ ಹೇಳಲಿಲ್ಲ. ಕಟ್ಟೆಯ ಹತ್ತಿರ ಅಧಿಕಾರಿ, "ಇಳಿಸಿ ಅದನ್ನು," ಎಂದು ಕೂಗಿದರು. "ದಡ ಮುಟ್ಟಿದ್ಮೇಲೆ ಇಳಿಸ್ತೇವೆ ಸಾಯ್ಬ್ರೇ, ಅಲ್ಲಿವರೆಗೆ ನಾವು ನೀರಲ್ಲೇ ಇದ್ದೇವೆ," ಎಂದೆ ನಾನು.

ನಾಲ್ಕನೇ ದಿನ ಅವಳ ಹೆಸರಿಗೆ ನೋಟೀಸು ಬಂತು. ಇಂಗ್ಲಿಷಿನಲ್ಲಿತ್ತು. ಅವಳು ಅದನ್ನು ನನ್ನ ಅಂಗಡಿಗೆ ತಂದಳು, ಮಾಸ್ತರರೇ ಬಂದು ಓದಿ ಹೇಳಿದರು. ಯಾವ ಮನುಷ್ಯನೂ ನೀರಿಗೆ ಬೀಳದೆ ಇರುವಾಗ ಸಂಕೇತದ ಬಾವುಟ ಹಾರಿಸಿದ್ದೇಕೆ, ಲೈಸನ್ಸ್ ಯಾಕೆ ತಡೆಹಿಡಿಯಬಾರದು, ಏಳು ದಿನದೊಳಗೆ ಕಾರಣ ತಿಳಿಸಬೇಕು ಎಂದಿತ್ತು. ತಾನು ಒಳ್ಳೆಯ ಇಂಗ್ಲಿಷಿನಲ್ಲಿ ಒಂದು ಕ್ಷಮಾಪಣೆ ಬರೆದುಕೊಡುತ್ತೇನೆ, ಎಲ್ಲ ಸರಿಹೋಗುತ್ತದೆ ಎಂದೂ ಹೇಳಿದರು.

"ಬೇಡ ಮಾಸ್ತ್ರೇ," ಎಂದಳು ಅವಳು. "ನಾ ಹೇಳ್ತೆ, ಇವ್ರು ಬರೀಲಿ."

ಕಾಗದದ ಮೇಲೆ ಊರು, ತಾಲೂಕು, ಜಿಲ್ಲೆ ಬರೆದು, ಅದರ ಕೆಳಗೆ ಕರ್ನಾಟಕ ಎಂದು ಬರೆದೆ. ಆ ಹೆಸರನ್ನು ನಾನು ವಿಳಾಸದಲ್ಲಿ ಬರೆದದ್ದು ಅದೇ ಮೊದಲು. ಅವಳು ಹೇಳುತ್ತ ಹೋದಳು, ನಾನು ಕಾಗದಕ್ಕೆ ತಕ್ಕ ಹಾಗೆ ತಿದ್ದಿ ಬರೆದೆ, ಅವಳು ಹೆಬ್ಬೆಟ್ಟು ಒತ್ತಿದಳು. ಬರೆದದ್ದು ಇಷ್ಟೇ:

"ಮನುಷ್ಯ ನೀರಿಗೆ ಬಿದ್ದದ್ದು ನಿಜ. ಬಿದ್ದವರು ನನ್ನ ಗಂಡ. ಬಿದ್ದು ಒಂಬತ್ತು ವರ್ಷವಾಯಿತು. ಬಾವುಟ ಏರಿಸುವುದು ತಡವಾಯಿತು. ತಡವಾದದ್ದಕ್ಕೆ ಮಾತ್ರ ಕ್ಷಮೆ ಇರಲಿ."